ಮಿಸ್ ಚಮೇಲಿಯ ಮಗಳು

ಮಾರ್ಚ್ 2, ಭಾನುವಾರ
ಅತ್ತೆಗೆ ಐ ಡ್ರಾಪ್ಸ್ ಹಾಕಿದ್ದಾಯಿತು. ನ್ಯೂಯಾರ್ಕಿನ ಹತ್ತಿರದ ನಮ್ಮೂರು ಕೆಂಡಲ್ ಪಾರ್ಕಿನಲ್ಲಿ ಮತ್ತೆ ಸ್ನೋ. ಎಂಬತ್ತೆಂಟರ ಅವರ ಕಣ್ಣಿಗೆ ಈಗ ಕಿಟಕಿಯ ಬೆಳಕಷ್ಟೇ ಗೊತ್ತಾಗುವುದು. ಫೋನಿನಲ್ಲಿದ್ದ ಸುದ್ದಿ ಓದಿ ಹೇಳುತ್ತಿದ್ದೆ... ನ್ಯೂಯಾರ್ಕಿನಲ್ಲಿ ಹಳೆಯ ಬಂಗಾಳಿ ಮೂಕಿಚಿತ್ರ ತೋರಿಸುತ್ತಾರಂತೆ, ಉಳಿದಿರುವುದು ಒಂದೇ ರೀಲು. ನಟಿ ಮಿಸ್ ಚಮೇಲಿ.
ಅತ್ತೆ ಕಾಫಿ ಲೋಟ ಕೆಳಗಿಟ್ಟರು.
“ಅದು ನಮ್ಮಮ್ಮ ಕಣೇ.”
ಕಲ್ಕತ್ತೆಯ ಮೇಷ್ಟರ ಮಗಳು, ಮದುವೆಯಾಗಿ ಮೈಸೂರಿಗೆ ಬಂದವರು — ಇಷ್ಟೇ ನಮಗೆ ಗೊತ್ತಿದ್ದುದು. ಹೆತ್ತ ಮಗ, ನನ್ನ ಗಂಡ ಶ್ಯಾಮ್‌ಗೂ ಅಷ್ಟೇ.

ಮಾರ್ಚ್ 5
ಇವತ್ತು ತಾವಾಗಿಯೇ ಹೇಳಿದರು. ಮರ್ಯಾದಸ್ಥರ ಮನೆಯ ಹೆಣ್ಣುಮಕ್ಕಳು ಕ್ಯಾಮೆರಾ ಮುಂದೆ ಬಾರದ ಕಾಲ. ಶ್ಯಾಮ್ ಅವರ ಈ ಅಜ್ಜಿ ಹದಿನಾಲ್ಕನೇ ವಯಸ್ಸಿಗೇ ಬಂದವರು. ಬೀದಿ ತುಂಬ ಪೋಸ್ಟರ್. ಆಮೇಲೆ ಟಾಕಿ ಬಂತು. ದನಿ ಗೊಗ್ಗರು ಎಂದು ತೆಗೆದುಹಾಕಿದರು. ಅದೇ ಸ್ಟುಡಿಯೋದಲ್ಲಿ ಹೊಸ ನಟಿಯರ ಬಟ್ಟೆ ಹೊಲಿದು ಮಗಳನ್ನು ಸಾಕಿದರು. ಮಗಳ ಮದುವೆಗೆ ಮಾತ್ರ ಬರಲಿಲ್ಲ.
“ನನ್ನ ಸುದ್ದಿ ಎತ್ತಬೇಡ, ನೀನಾದ್ರೂ ಮರ್ಯಾದೆಯಿಂದ ಬಾಳು ಅಂದ್ಲು ಅಮ್ಮ. ಎತ್ತಲಿಲ್ಲ. ಅವಳು ಸತ್ತಾಗ್ಲೂ ಎತ್ತಲಿಲ್ಲ.”

ಮಾರ್ಚ್ 16, ಭಾನುವಾರ
ನ್ಯೂಯಾರ್ಕಿಗೆ ಶ್ಯಾಮ್ ಡ್ರೈವ್ ಮಾಡಿದರು. ಟನೆಲ್‌ನಲ್ಲಿ ಟ್ರಾಫಿಕ್. ಅತ್ತೆ ರೇಷ್ಮೆ ಸೀರೆ ಉಟ್ಟು, ಮೇಲೆ ವಿಂಟರ್ ಕೋಟ್.
ಕತ್ತಲಾದ ಸಿನಿಮಾ ಹಾಲ್‌ನಲ್ಲಿ ಅವರ ಕಿವಿಯಲ್ಲಿ ಹೇಳುತ್ತಾ ಹೋದೆ. “ಬಾಗಿಲು ತೆಗೀತಿದಾರೆ ಅತ್ತೆ... ತೆಳ್ಳಗಿದಾರೆ. ಮೂಗು ನಿಮ್ಮದೇ.”
“ನಗ್ತಾಳಾ?”
“ನಗ್ತಿದಾರೆ.”
“ಮನೇಲಿ ನಕ್ಕಿದ್ದೇ ಇಲ್ಲ.”
ಪರದೆಯ ಮೇಲೆ ಅಜ್ಜಿ ಯಾರನ್ನೋ ಕರೆಯುತ್ತಿದ್ದರು. ತುಟಿ ಆಡುತ್ತಿದೆ, ದನಿ ಇಲ್ಲ ಎಂದೆ. ಅತ್ತೆ ಒಮ್ಮೆಲೇ ಬಂಗಾಳಿಯಲ್ಲಿ ಕೂಗಿದರು — ಗೊಗ್ಗರು, ಗಟ್ಟಿ, ಅವರದಲ್ಲದ ದನಿ. ಇಡೀ ಹಾಲ್ ತಿರುಗಿ ನೋಡಿತು. ಯಾರೂ ಸುಮ್ಮನಿರಿ ಎನ್ನಲಿಲ್ಲ.
“ಹೀಗೇ ಕರೀತಿದ್ಲು ನನ್ನ,” ಎಂದವರು ನನ್ನ ಭುಜಕ್ಕೆ ಒರಗಿ ಅತ್ತರು. ಲೈಟ್ ಹಾಕಿದ ಮೇಲೂ ಏಳಲಿಲ್ಲ.

ಏಪ್ರಿಲ್ 9
ಅತ್ತೆ ಹೋದರು. ನ್ಯುಮೋನಿಯಾ. ಬರೆಯಲು ಕೈ ಬಂದಿರಲಿಲ್ಲ.
ಕನ್ನಡ ಕೂಟದವರಿಗೆ ಇಮೇಲ್ ಕಳಿಸಬೇಕು. ಶ್ಯಾಮ್ ‘ಮೇಷ್ಟರ ಮಗಳು’ ಎಂದು ಟೈಪ್ ಮಾಡಿದರು. ಅಳಿಸಿದರು.
“ಆಕ್ಟ್ರೆಸ್ ಮಗಳು ಅಂತಾನೇ ಹಾಕೋಣ. ಅಮ್ಮ ಇನ್ನು ಯಾರಿಗೆ ಹೆದರಬೇಕು?”
ಕಣ್ಣೊರೆಸಿಕೊಂಡರು. ಆಮೇಲೆ ಕೇಳಿದರು — “ಚಮೇಲಿ ಅನ್ನೋ ಹೆಸರು ಸ್ಟುಡಿಯೋದವರು ಇಟ್ಟಿದ್ದಲ್ವಾ? ಅಜ್ಜಿಯ ಸ್ವಂತ ಹೆಸರು ಏನಂತೆ ಮಂಜರಿ? ನಿನ್ನ ಹತ್ರ ಹೇಳಿದ್ರಾ?”
ಅತ್ತೆ ಯಾವಾಗಲೂ ಅಮ್ಮ ಎಂದೇ ಹೇಳುತ್ತಿದ್ದರು. ನಾನು ಕೇಳಲೇ ಇಲ್ಲ. ಇನ್ನು ಯಾರನ್ನು —