ಥಾನಾಸಿಯ ಮೊಣಕಾಲು

ಮನಾಮಾ, ೧೧ ಫೆಬ್ರವರಿ ೧೯೮೩, ಶುಕ್ರವಾರ.

ಕ್ಲಬ್ಬಿಗೆ ಹೊಸದಾಗಿ ಬಂದ ಗ್ರೀಕ್ ಫುಟ್‌ಬಾಲ್ ಸ್ಟ್ರೈಕರ್ ಥಾನಾಸಿಗೆ ಇಪ್ಪತ್ತೆಂಟು ವರ್ಷ ಎಂದರೆ ನಾನು ನಂಬುವುದಿಲ್ಲ. ಇವತ್ತು ಮಾಲೀಶಿಗೆ ಎಣ್ಣೆ ತಿಕ್ಕುವಾಗ ಅವನ ಮೊಣಕಾಲು ಒಣಗಿದ ಹುಣಸೆ ಸಿಪ್ಪೆಯ ಹಾಗೆ ಲಟಲಟ ಎಂದಿತು. ಆಡಿದ ಕ್ಲಬ್ಬುಗಳ ಹೆಸರು ಹೇಳುತ್ತಾ ಹೋದ, ಒಂಬತ್ತಾದವು. ಕ್ಲಬ್ಬಿಗೆ ಎರಡೆರಡು ವರ್ಷ ಹಿಡಿದರೂ ಹನ್ನೊಂದನೇ ವಯಸ್ಸಿಗೇ ಮೈದಾನಕ್ಕೆ ಇಳಿದಿರಬೇಕು.

ಕ್ಲಬ್ಬಿನ ಗುಮಾಸ್ತ ಯುಸ್ಟೇಸ್ ಹೊರಗೆ ಕಾದಿದ್ದ. "ಕಾಲು ಮುಟ್ಟಿ ನೋಡಿದವರು ನೀವು. ಪ್ರಾಯ ಎಷ್ಟು ಹೇಳಿ ಮಾರಾಯ್ರೆ. ಸುಳ್ಳಾದ್ರೆ ವಾಪಸ್ ಕಳಿಸ್ತಾರಂತೆ."

"ಇಪ್ಪತ್ತೆಂಟೇ" ಎಂದೆ.

ಎದ್ದು ಹೋಗುವ ಮೊದಲು ಥಾನಾಸಿ, ನನ್ನ ಕಿವಿಯ ಬಳಿ ಬೆವರಿಗೆ ಇಳಿದಿದ್ದ ಕೂದಲ ಬಣ್ಣವನ್ನು ಟವೆಲಿನಿಂದ ಒರೆಸಿ, ಏನೂ ಕೇಳದೆ ನಕ್ಕಿದ್ದ.

ಪಾಸ್‌ಪೋರ್ಟಿನಲ್ಲಿ ನನ್ನ ಪ್ರಾಯವೂ ಎಂಟು ವರ್ಷ ಕಡಿಮೆ. ಕ್ಲಬ್ಬಿನ ಎಲ್ಲರದ್ದರ ಹಾಗೆ ಅದೂ ಇರುವುದು ಯುಸ್ಟೇಸನ ಕಪಾಟಿನಲ್ಲಿ. ಮಾತಾಡುವಷ್ಟು ಹೊತ್ತೂ ಅವನು ನನ್ನ ತಲೆಯನ್ನೇ ನೋಡುತ್ತಿದ್ದ. ಅವನು ಕೇಳಿದ್ದು ಯಾರ ಪ್ರಾಯ?