ಭಾರ ಉಣ್ಣುವ ಸುಳಿಯ ಕೆಳಗಿನಿಂದ

ಸುಳಿ ಹುಟ್ಟಿದ ಐನೂರ ನಾಲ್ಕನೆಯ ವರ್ಷ, ಹದಿನಾಲ್ಕನೆಯ ತಿಂಗಳು, ಬೆಳಕಿಲ್ಲದ ವಾರ.

ಏಳ್ಗಲ್ಲು ಗುಡ್ಡದ ಮೇಲೆ ಕೋಟೆ ಕಟ್ಟುತ್ತಿರುವ ಹಿರಿಯರಿಗೆ, ಅದೇ ಗುಡ್ಡದ ಬುಡದಲ್ಲಿ ಬದುಕುತ್ತಿರುವ ನಾಗಲೆಯ ನಮಸ್ಕಾರಗಳು. ನಿಮ್ಮ ಕಾಲದಲ್ಲಿ ಹದಿನಾಲ್ಕನೆಯ ತಿಂಗಳು ಇರಲಿಲ್ಲವೆಂದು ಬಲ್ಲೆ. ಸುಳಿ ಸೂರ್ಯನನ್ನು ಮರೆಮಾಡುತ್ತ ಹೋದಂತೆ ನಮ್ಮ ವರ್ಷವೂ ಉದ್ದವಾಯಿತು. ನನ್ನ ಕೆಲವು ಮಾತುಗಳು ವಿಚಿತ್ರವೆನಿಸಿದರೆ ಕ್ಷಮಿಸಬೇಕು. ಆ ಮಾತುಗಳ ಅಗತ್ಯ ನಿಮಗಿನ್ನೂ ಬಿದ್ದಿಲ್ಲ.

ನಿಮ್ಮ ತಲೆಯ ಮೇಲೆ ಆ ಸುಳಿ ಈಗ ಮೊರದಗಲ ಇರಬಹುದು. ನೀಲಿ ಅಂಚು, ನಡುವೆ ಬೆಳ್ಳನೆಯ ತಿರುಗಣಿ. ಮಂತ್ರ ಹೇಳಿ ಕರೆದರೆ ಬಂಡೆಯ ಭಾರವನ್ನು ಹೀರಿಕೊಳ್ಳುತ್ತದೆ. ಇಪ್ಪತ್ತು ಆಳು ಹೊರಬೇಕಾದ ಕಲ್ಲನ್ನು ಇಬ್ಬರೇ ಗುಡ್ಡ ಹತ್ತಿಸುತ್ತಾರೆ. ಹೆಗಲು ಹುಣ್ಣಾದವರು ಅದನ್ನು ಕರೆದದ್ದರಲ್ಲಿ ಆಶ್ಚರ್ಯವಿಲ್ಲ. ಆದರೆ ಉಂಡಷ್ಟೂ ಅದು ಬೆಳೆಯುತ್ತದೆ. ನಮ್ಮ ಕಾಲದಲ್ಲಿ ಅದಕ್ಕೆ ಮಂತ್ರ ಬೇಕಿಲ್ಲ. ಆಕಾಶದ ತುಂಬ ಹರಡಿಕೊಂಡು, ಯಾರೂ ಕರೆಯದೆಯೇ ನಮ್ಮ ಮೈಯ ಭಾರವನ್ನು ಉಣ್ಣುತ್ತಿದೆ.

ನಮ್ಮಲ್ಲಿ ಕೂಸು ಹುಟ್ಟಿದೊಡನೆ ಅದಕ್ಕೆ ಕಾಲುಗಲ್ಲು ಕಟ್ಟುತ್ತೇವೆ. ಹೆಂಗಸರು ಸೀರೆಯಂಚಿನಲ್ಲಿ ಹೊಳೆಯ ಬೆಣಚುಕಲ್ಲು ಹೊಲಿದುಕೊಳ್ಳುತ್ತೇವೆ. ಮನೆಯಿಂದ ಮನೆಗೆ ಹಗ್ಗ ಎಳೆದಿದೆ. ಬೀದಿಯಲ್ಲಿ ಅದನ್ನು ಹಿಡಿದೇ ನಡೆಯಬೇಕು. ಗಡಿಗೆಯ ಮುಚ್ಚಳಕ್ಕೆ ಗುಂಡುಕಲ್ಲು ಹೇರದಿದ್ದರೆ ಬೆಂದ ಅನ್ನ ಹೋಗಿ ಸೂರಿಗೆ ಅಂಟುತ್ತದೆ. ವಯಸ್ಸಾದಂತೆ ಯಾವ ಕಲ್ಲೂ ಸಾಲದಾಗುತ್ತದೆ. ಅಂಥವರನ್ನು ಜಂತಿಯವರು ಎನ್ನುತ್ತೇವೆ. ಅವರ ಸೊಂಟಕ್ಕೆ ಹಗ್ಗ ಬಿಗಿದು ಮನೆಯೊಳಗೇ ಇರಿಸಿಕೊಳ್ಳುತ್ತೇವೆ. ಅವರು ಜಂತಿಗೆ ಬೆನ್ನು ಹಚ್ಚಿ ಮಲಗಿ, ಕೆಳಗಿನ ಸಂಸಾರವನ್ನು ದಿನವಿಡೀ ನೋಡುತ್ತಿರುತ್ತಾರೆ. ಅವರ ಊಟವನ್ನು ಕೋಲಿನ ತುದಿಗೆ ಕಟ್ಟಿ ಕೊಡಬೇಕು. ಕಣ್ಣೀರು ಬಂದರೆ ಅದು ಕೆಳಗೆ ಬೀಳುವುದಿಲ್ಲ.

ನನ್ನ ಗಂಡ ಕೇತ ಹಗ್ಗ ಹೊಸೆಯುವವನು. ಮುಪ್ಪು ಬರುವ ಮೊದಲೇ ಅವನ ಭಾರ ಹೋಯಿತು. ಒಂದು ಬೆಳಿಗ್ಗೆ ಅಂಗಳದಲ್ಲಿ ಕೂತು ನಾರು ನೆನೆಹಾಕುತ್ತಿದ್ದವನು ಎದ್ದ. ಎದ್ದವನ ಕಾಲು ಮತ್ತೆ ನೆಲ ಮುಟ್ಟಲಿಲ್ಲ. ಮಗಳು ಚಿಲುಮೆ ಅವನ ಪಾದ ಹಿಡಿದು ಒಳಕ್ಕೆ ಎಳೆದುತಂದಳು. ಆಮೇಲೆ ಅವನು ಜಂತಿಯಿಂದಲೇ ಅವಳಿಗೆ ಕಸುಬು ಕಲಿಸಿದ.

"ಎಡಗೈ ಸಡಿಲ ಬಿಟ್ಟೆ ನೋಡು," ಎನ್ನುತ್ತಿದ್ದ ಮೇಲಿನಿಂದ.

"ಹಂಗಾದ್ರೆ ಇಳಿದು ಬಂದು ನೀನೇ ಹೊಸಿ," ಎನ್ನುತ್ತಿದ್ದಳು ಅವಳು. ಇಬ್ಬರೂ ನಗುತ್ತಿದ್ದರು. ನನಗೆ ನಗು ಬರುತ್ತಿರಲಿಲ್ಲ.

ಕಳೆದ ಗಾಳಿಗಾಲದಲ್ಲಿ, ಒಂದು ಮಧ್ಯಾಹ್ನ, ಸುಳಿ ಕೆಳಗಿಳಿಯಿತು. ಬಾವಿಯ ನೀರು ಕಂಬದಂತೆ ಎದ್ದು ನಿಂತಿತು. ನೋಡನೋಡುತ್ತಿದ್ದಂತೆ ನಮ್ಮ ಮನೆಯ ಮಾಡು ಕಿತ್ತುಕೊಂಡು ಹಾರಿತು. ಕೇತ ಹಗ್ಗದ ಉದ್ದಕ್ಕೂ ಮೇಲೇರಿದ. ಹಗ್ಗ ಕಟ್ಟಿದ್ದ ಕಂಬ ಬುಡದಿಂದ ಕಿತ್ತುಬಂತು. ಚಿಲುಮೆ ಹಾರಿ ಹಗ್ಗ ಹಿಡಿದು ಮುಂಗೈಗೆ ಸುತ್ತಿಕೊಂಡಳು. ನಾನು ಅವಳ ಕಾಲುಗಳನ್ನು ತಬ್ಬಿದೆ.

"ಕೈ ಬಿಡು ಮಗಾ," ಎಂದು ಕೇತ ಕೂಗಿದ.

"ಬಿಡಲ್ಲ ಅಪ್ಪಾ."

"ಅವ್ವನೂ ಬರ್ತಾ ಅವಳೆ, ಕೆಳಗೆ ನೋಡು."

"ಬರ್ಲಿ. ಮೂರೂ ಜನ ಹೋಗಾಣ."

ನನ್ನ ಕಾಲೂ ಆಗಲೇ ನೆಲ ಬಿಟ್ಟಿತ್ತು. ಕೇತ ಒಮ್ಮೆ ನನ್ನನ್ನು ನೋಡಿದ. ಆಮೇಲೆ ಸೊಂಟಕ್ಕೆ ಕೈ ಹಾಕಿ ಒಂದು ಎಳೆ ಎಳೆದ, ಗಂಟು ಬಿಚ್ಚಿಕೊಂಡಿತು. ಅಷ್ಟು ಸುಲಭವಾಗಿ ಬಿಚ್ಚುವ ಗಂಟನ್ನೇ ಅವನು ದಿನವೂ ಹಾಕಿಕೊಳ್ಳುತ್ತಿದ್ದನೆಂದು ನನಗೆ ಆವಾಗ ತಿಳಿಯಿತು. ಸಡಿಲಾದ ಹಗ್ಗದೊಡನೆ ನಾವಿಬ್ಬರೂ ನೆಲಕ್ಕೆ ಬಿದ್ದೆವು. ತಲೆಯೆತ್ತುವಷ್ಟರಲ್ಲಿ ಅವನು ಹಕ್ಕಿಯಷ್ಟಾಗಿದ್ದ, ಆಮೇಲೆ ಕಾಣಲಿಲ್ಲ.

ಮೇಲೇರಿದ್ದೆಲ್ಲ ಹಿಂದಿನ ಕಾಲದಲ್ಲಿ ಉದುರುತ್ತದೆ ಎಂದು ನಮ್ಮ ಹಿರಿಯರ ನಂಬಿಕೆ. ನಿಮ್ಮ ಕಾಲದ ಕಥೆಗಳಲ್ಲಿ ಏಳ್ಗಲ್ಲಿನ ಬಯಲಿಗೆ ಹಿತ್ತಾಳೆ ಚೊಂಬು, ಹೆಂಚು, ಒಮ್ಮೆ ಜೀವಂತ ಕರು ಆಕಾಶದಿಂದ ಬಿದ್ದದ್ದನ್ನು ಹೇಳುತ್ತಾರೆ. ಆ ಚೊಂಬುಗಳು ನಮ್ಮವು. ಅದನ್ನು ನಂಬಿಯೇ ಊರವರು, ಎಚ್ಚರಿಕೆ ಬರೆದು ಚೊಂಬಿನಲ್ಲಿಟ್ಟು ಮೇಲಕ್ಕೆ ಬಿಡು ಎಂದು ನನಗೆ ಹೇಳಿದ್ದಾರೆ. ಅವರು ಬರೆಸಿದ್ದು ಇಷ್ಟು: ಸುಳಿ ಇನ್ನೂ ಚಿಕ್ಕದಿರುವಾಗ ಕರೆದ ಮಂತ್ರವನ್ನೇ ತಿರುಗಿಸಿ ಹೇಳಿದರೆ ಅದು ಮುಚ್ಚುತ್ತದೆ. ಕೋಟೆ ಅರ್ಧಕ್ಕೆ ನಿಂತರೂ ಸರಿ, ಮುಚ್ಚಿಬಿಡಿ. ಕಲ್ಲುಗಳನ್ನು ಹೆಗಲ ಮೇಲೆಯೇ ಹೊರಿ.

ಚಿಲುಮೆ ಇದಕ್ಕೆ ಒಪ್ಪಲಿಲ್ಲ. "ಮುಚ್ಚಿದ್ರೆ ಅಪ್ಪ ಎಲ್ಲಿ ಬೀಳ್ತಾನೆ? ಅಪ್ಪ ಬಂದ ಮ್ಯಾಲೆ ಮುಚ್ಚಿ ಅಂತ ಬರಿ," ಎಂದಳು. ಸುಳಿ ಮೊದಲೇ ಮುಚ್ಚಿದ್ದರೆ ಅಪ್ಪ ನಮ್ಮನ್ನು ಬಿಟ್ಟು ಹೋಗುತ್ತಲೇ ಇರಲಿಲ್ಲವಲ್ಲ ಎಂದೆ. "ಅದೆಲ್ಲ ನಂಗೆ ತಿಳಿಯಾಕಿಲ್ಲ. ಹೋಗಿದ್ದನ್ನ ನಾನು ನೋಡೀನಿ," ಎಂದಳು. ಹಾಗಾಗಿ ಅವಳು ಹೇಳಿದ್ದನ್ನೂ ಬರೆಯುತ್ತಿದ್ದೇನೆ.

ಸೊಂಟದ ಸುತ್ತ ಹಗ್ಗದ ಕಲೆಯಿರುವ, ತೆಳ್ಳಗಿನ ಮನುಷ್ಯನೊಬ್ಬ ನಿಮ್ಮ ಬಯಲಿಗೆ ಬಿದ್ದರೆ ಅವನೇ ಕೇತ. ಅವನಿಗೆ ನಿಲ್ಲಲು ಬರುವುದಿಲ್ಲ. ಮರಳಿ ಬಂದ ತನ್ನದೇ ಭಾರ ಅವನಿಗೆ ನೋವು ಕೊಡುತ್ತದೆ. ಹಿಡಿದು ಕೂರಿಸಿ, ನೀರು ಕೊಡಿ. ಮೊದಲು ಮಗಳನ್ನೇ ಕೇಳುತ್ತಾನೆ. ಬದುಕಿದ್ದಾಳೆ, ಹಗ್ಗ ಹೊಸೆಯುತ್ತಿದ್ದಾಳೆ ಎನ್ನಿ. ಅಂದು ಹಗ್ಗ ಸುತ್ತಿಕೊಂಡ ಅವಳ ಬಲಗೈಯ ಬೆರಳುಗಳು ಈಗ ಮಡಚುವುದಿಲ್ಲವೆಂದು ಹೇಳಬೇಡಿ. ಅವನು ಬಂದ ಮೇಲೆ, ದಯವಿಟ್ಟು, ಸುಳಿಯನ್ನು ಮುಚ್ಚಿ.

ಚಿಲುಮೆ ಈಗ ನೀರು ತರಲು ಹೋಗಿದ್ದಾಳೆ. ಅವಳು ಬರುವುದರೊಳಗೆ ಒಂದು ಮಾತು ಸೇರಿಸಿ ಚೊಂಬಿನ ಬಾಯಿಗೆ ಅರಗು ಹಚ್ಚುತ್ತೇನೆ. ಅವನು ಬಾರದಿದ್ದರೂ ಮುಚ್ಚಿ. ಕಾಯಬೇಡಿ.

ನಾಗಲೆ