ನಾಟಕದ ದಿನದ ಮೌನ

ಸದಾಶಿವನಗರ, ತುಮಕೂರು
13-11-2025, ಗುರುವಾರ

ಮಗಳು ಹೇಮಶ್ರೀಗೆ ಅಮ್ಮನ ಆಶೀರ್ವಾದ.

ನೀನು, ಅಳಿಯಂದಿರು, ಇಂಪನಾ ಎಲ್ಲರೂ ಆರೋಗ್ಯವಾಗಿದ್ದೀರಿ ಅಂದುಕೊಂಡಿದ್ದೇನೆ. ಬಳ್ಳಾರಿಯ ಬಿಸಿಲು ಈಗ ಸ್ವಲ್ಪ ತಗ್ಗಿರಬೇಕು. ಮೊಮ್ಮಗಳಿಗೆ ಶೀತವಾದರೆ ದೊಡ್ಡಪತ್ರೆ ರಸ ಕೊಡು. ನೀನು ಫೋನ್ ಎತ್ತುವುದಿಲ್ಲ, ಅದಕ್ಕೇ ಈ ಕಾಗದ. ಸಿಟ್ಟಿನಿಂದ ಹೇಳುತ್ತಿಲ್ಲ; ನೀನು ಕರೆದಾಗಲೆಲ್ಲ ಓಗೊಟ್ಟವಳು ನಾನೂ ಅಲ್ಲ.

ಹೋದ ತಿಂಗಳು ಗುಬ್ಬಿಯಲ್ಲಿ ನನಗೆ ಸನ್ಮಾನ. ಶಾಲು, ಹಾರ, ಹಣ್ಣಿನ ಬುಟ್ಟಿ ಎಲ್ಲ ಕೊಟ್ಟು, ಒಂದು ರಂಗಗೀತೆ ಹಾಡಿ ಅಂದರು. ಎರಡನೇ ಸಾಲಿಗೇ ಗಂಟಲು ಕಟ್ಟಿತು. ಜನ ಪಾಪ, ಅಮ್ಮಾವ್ರಿಗೆ ದುಃಖ ಉಕ್ಕಿಬಂತು ಅಂದುಕೊಂಡು ಚಪ್ಪಾಳೆ ಹೊಡೆದರು. ಅಲ್ಲೇ ಹತ್ತಿರದ ಕಡಬದ ಕೆರೆಯಲ್ಲಿ, ಒಂಬತ್ತು ವರ್ಷದ ನನ್ನನ್ನು ಬೆಳಗಿನ ಚಳಿಯಲ್ಲಿ ಕತ್ತಿನವರೆಗೆ ನಿಲ್ಲಿಸಿ ಶಿವರಾಮಯ್ಯ ಮೇಷ್ಟ್ರು ಸಂಗೀತ ಕಲಿಸಿದ್ದು. ಹನ್ನೆರಡು ವರ್ಷ. ನಾಟಕದ ದಿನ ಪರದೆ ಏಳುವ ತನಕ ತುಟಿ ಬಿಚ್ಚಕೂಡದು ಅಂತ ಅವರ ಕಟ್ಟಳೆ.

ನಾಟಕ ಕಂಪನಿ ಸೇರಿದ ಮೇಲೆ ದಿನಾ ನಾಟಕ, ಹಾಗಾಗಿ ದಿನಾ ಮೌನ. ಏನು ಬೇಕಾದರೂ ಸ್ಲೇಟಿನಲ್ಲಿ ಬರೆದು ತೋರಿಸುತ್ತಿದ್ದೆ. ಕುಣಿಗಲ್ ಕ್ಯಾಂಪಿನಲ್ಲಿ ನಿನಗೆ ಜ್ವರ ಬಂದಿತ್ತು. ನಾಲ್ಕು ವರ್ಷದವಳು, 'ಅಮ್ಮಾ, ಮಾತಾಡು' ಅಂತ ಸೆರಗು ಹಿಡಿದು ಅತ್ತೆ. ನಾನು ಸ್ಲೇಟಿನಲ್ಲಿ 'ಮಲಗು ಕಂದಾ' ಅಂತ ಬರೆದು ತೋರಿಸಿದೆ. ನಿನಗೆ ಆಗ ಓದಲು ಬರುತ್ತಿರಲಿಲ್ಲ. ಅದು ನನಗೆ ಹೊಳೆಯಲೇ ಇಲ್ಲ ಹೇಮಾ. 'ಊರಿಗೆ ಉಪಕಾರಿ, ಮನೆಗೆ ಮಾರಿ ಕಣೇ ನೀನು' ಅಂತ ನಿಮ್ಮಜ್ಜಿ ಬೈದಳು. ಅವತ್ತು ಹೌಸ್‌ಫುಲ್. ಒಂದೇ ಹಾಡಿಗೆ ಮೂರು ಸಲ ಒನ್ಸ್ ಮೋರ್.

ಹಾಗೆ ಕಾಪಾಡಿದ ದನಿ ಸಿನಿಮಾದವರಿಗೆ ಬೇಡವಾಯಿತು. 'ನಿಮ್ದು ನಾಟಕದ ಗಂಟ್ಲು ಅಮ್ಮಾ, ಮೈಕ್ ತಡೆಯಲ್ಲ' ಅಂತ ಇಪ್ಪತ್ತೆರಡು ಸಿನಿಮಾಕ್ಕೂ ಬೇರೆಯವರ ಕೈಲಿ ಡಬ್ಬಿಂಗ್ ಮಾಡಿಸಿದರು. ಮುಖ ನನ್ನದು, ಅಳು ಇನ್ಯಾರದೋ. ಕಂಪನಿ ನಾಟಕಗಳನ್ನು ರೆಕಾರ್ಡ್ ಮಾಡಿಟ್ಟವರೂ ಇಲ್ಲ. ಕೇಳಿದವರು ಒಬ್ಬೊಬ್ಬರಾಗಿ ಹೋಗುತ್ತಿದ್ದಾರೆ. ಹೋದ ಯುಗಾದಿಗೆ ಬಂದ ನೀನು ಹೊಸ್ತಿಲಲ್ಲಿ ನಿಂತು, 'ನಿನ್ ದನಿ ಟಿಕೆಟ್ ತಗೊಂಡೋರಿಗೆ ತಾನೇ' ಅಂದು ಹೊರಟುಹೋದೆ. ನೀನು ಹೇಳಿದ್ದು ಸುಳ್ಳಲ್ಲ. ನನಗೆ ನಾಚಿಕೆಯಾಗಿದೆ, ಸಂಕಟವೂ ಆಗಿದೆ.

ಪಕ್ಕದ ಮನೆಯಾಕೆ ಪೋಸ್ಟಿಗೆ ಹಾಕಲು ಕಾದು ನಿಂತಿದ್ದಾಳೆ. ಅಳಿಯಂದಿರಿಗೆ ಆಶೀರ್ವಾದ, ಇಂಪನಾಗೆ ಮುತ್ತು. ನಿಮ್ಮ ಮನೆ ತುಂಬ ಮಾತು, ನಗು ಇರಲಿ.

ನಿನ್ನ ಅಮ್ಮ,
ನರಸಿಂಹಮ್ಮ

ಇನ್ನೊಂದು ಮಾತು: ಗಂಟಲಲ್ಲಿರುವುದು ಕ್ಯಾನ್ಸರ್ ಅಂತೆ. 24ನೇ ತಾರೀಕು ಸೋಮವಾರ ಆಪರೇಷನ್, ಧ್ವನಿಪೆಟ್ಟಿಗೆಯನ್ನೇ ತೆಗೆಯುತ್ತಾರೆ. ಆಮೇಲಿನದಕ್ಕೆ ಹೊಸ ಸ್ಲೇಟು ತರಿಸಿಟ್ಟಿದ್ದೇನೆ. ಆಪರೇಷನ್ನಿನ ಹಿಂದಿನ ದಿನ, ಭಾನುವಾರ ಪೂರ್ತಿ ನನಗೆ ಮೌನ ಇಲ್ಲ. ಬಾ, ಆಗದಿದ್ದರೆ ಫೋನಾದರೂ ಎತ್ತು. ನೀನು ಏನೂ ಮಾತಾಡಬೇಡ. ಕುಣಿಗಲ್ಲಿನಲ್ಲಿ ಬರೆದು ತೋರಿಸಿದ್ದನ್ನು ಒಂದು ಸಲ ಬಾಯಿಬಿಟ್ಟು ಹೇಳಬೇಕು.